ಎರಡೆಕರೆ ಬೀನ್ಸು, ಬಾಡಿಗೆ ಟೆಂಪೊ ಮತ್ತು ಗಾತ್ರದ ಲೆಕ್ಕ

ಪ್ರಶ್ನೆ: ನಮ್ಮ ತಂದೆ ಮಾಲೂರು ತಾಲ್ಲೂಕಿನಲ್ಲಿ ಎರಡು ಎಕರೆ ಹತ್ತು ಗುಂಟೆಯಲ್ಲಿ ಬೀನ್ಸ್, ಟೊಮೆಟೊ, ಒಂದಿಷ್ಟು ರಾಗಿ ಬೆಳೆಯುತ್ತಾರೆ. ನಾನು ಬೆಂಗಳೂರಿನಲ್ಲಿ ಕೆಲಸದಲ್ಲಿದ್ದೇನೆ. ಮೊನ್ನೆ ಅಪ್ಪ ಕಲಾಸಿಪಾಳ್ಯದಲ್ಲಿ ಕೆಜಿಗೆ 22 ರೂಪಾಯಿಯಂತೆ ಬೀನ್ಸ್ ಹಾಕಿ ಹೋದ ದಿನವೇ ನಮ್ಮ ಬೀದಿಯ ಅಂಗಡಿಯಲ್ಲಿ ನಾನು 64 ಕೊಟ್ಟು ಅದೇ ಬೀನ್ಸ್ ತಂದೆ. ಈಗ ಒಂದು ಕಂಪನಿಯವರು ಅಕ್ಕಪಕ್ಕದ ಹೊಲಗಳನ್ನೆಲ್ಲ ಒಟ್ಟುಮಾಡಿ ಗುತ್ತಿಗೆಗೆ ಕೊಡಿ ಎಂದು ಕೇಳುತ್ತಿದ್ದಾರೆ. ಉತ್ಪಾದನೆಯ ಪ್ರಮಾಣ ಹೆಚ್ಚಿದಂತೆ ತಲಾ ವೆಚ್ಚ ಇಳಿಯುತ್ತದೆ ಎಂದು ಬಿ.ಕಾಂ.ನಲ್ಲಿ ಓದಿದ್ದೆ. ಹಾಗಾದರೆ ಅಪ್ಪನಂಥವರ ಕಾಲ ಮುಗಿಯಿತೇ?

ಉತ್ತರ: ಮೊದಲು ನಿಮ್ಮ ಕೊನೆಯ ಮಾತಿಗೆ ಉತ್ತರ ಹೇಳಿಬಿಡುತ್ತೇನೆ, ಯಾಕೆಂದರೆ ಅದು ನಿಮ್ಮನ್ನು ಕಾಡುತ್ತಿದೆ ಅನ್ನುವುದು ಕಾಣುತ್ತದೆ. ಇಲ್ಲ, ಮುಗಿದಿಲ್ಲ. ಆದರೆ ನಿಮ್ಮ ತಂದೆಯವರು ಈಗ ಮಾರುತ್ತಿರುವ ರೀತಿಯಲ್ಲೇ ಒಬ್ಬರೇ ಮಾರುತ್ತ ಹೋದರೆ ಕಷ್ಟ ಕಡಿಮೆಯಾಗುವುದಿಲ್ಲ. ಈ ಎರಡು ಮಾತುಗಳ ನಡುವೆ ಇರುವುದೇ ನೀವು ಓದಿದ ಆ ಪಾಠ. ಪುಸ್ತಕದಲ್ಲಿ ಅದಕ್ಕೆ ‘ಪ್ರಮಾಣದ ಮಿತವ್ಯಯ’ ಎನ್ನುತ್ತಾರೆ. ನಾನು ಇಲ್ಲಿ ಗಾತ್ರದ ಲಾಭ ಎನ್ನುತ್ತೇನೆ.

ಒಂದು ಬೀನ್ಸ್ ಚೀಲದ ಹಿಂದೆ ಹೋಗೋಣ. ಲೆಕ್ಕಕ್ಕೆ ಸುಲಭವಾಗಲಿ ಎಂದು ಅಂಕಿಗಳನ್ನು ನಾನೇ ಹಿಡಿದುಕೊಳ್ಳುತ್ತೇನೆ, ನಿಮ್ಮ ಮನೆಯ ನಿಜವಾದ ಅಂಕಿಗಳನ್ನು ಆಮೇಲೆ ನೀವು ತುಂಬಿಕೊಳ್ಳಿ. ಮಾಲೂರು ಕಡೆಯಿಂದ ಕಲಾಸಿಪಾಳ್ಯಕ್ಕೆ ಟಾಟಾ ಏಸ್ ಬಾಡಿಗೆ 2,400 ರೂಪಾಯಿ ಎಂದಿಟ್ಟುಕೊಳ್ಳಿ. ಒಂದು ಕೊಯ್ಲಿಗೆ ನಿಮ್ಮ ತಂದೆಯವರಿಗೆ 50 ಕೆಜಿಯ ಆರು ಚೀಲ ಬಂದವು. ಗಾಡಿಯವನು ಆರು ಚೀಲ ಹಾಕಿದರೂ ಅಷ್ಟೇ ಕೇಳುತ್ತಾನೆ, ಹದಿನೈದು ಚೀಲ ಹಾಕಿದರೂ ಅಷ್ಟೇ. ಆರು ಚೀಲಕ್ಕೆ ಬಾಡಿಗೆ ಕೆಜಿಗೆ 8 ರೂಪಾಯಿ ಬೀಳುತ್ತದೆ. ಹದಿನೈದು ಚೀಲವಾದರೆ 3 ರೂಪಾಯಿ 20 ಪೈಸೆ. ವ್ಯತ್ಯಾಸ 4 ರೂಪಾಯಿ 80 ಪೈಸೆ. ಆರು ಚೀಲಕ್ಕೆ ಲೆಕ್ಕ ಹಾಕಿದರೆ ಒಂದು ಸಲ ಹೋಗಿಬರುವುದರಲ್ಲೇ 1,440 ರೂಪಾಯಿ. ಒಂದು ಬೆಳೆಗೆ ಎಷ್ಟು ಸಲ ಕೊಯ್ಯುತ್ತಾರೆ, ಎಷ್ಟು ಸಲ ಗಾಡಿ ಕಟ್ಟುತ್ತಾರೆ ಅನ್ನುವುದು ನಿಮಗೇ ಗೊತ್ತು.

ಈ ಲೆಕ್ಕದಲ್ಲಿ ನಿಮ್ಮ ತಂದೆಯವರ ಹೊಲ ಎಲ್ಲೂ ಬರಲಿಲ್ಲ ಅನ್ನುವುದನ್ನು ಗಮನಿಸಿ. ಬೀಜ, ಗೊಬ್ಬರ, ನೀರು, ಕಳೆ ಯಾವುದರಲ್ಲೂ ಅವರು ಸೋಲಲಿಲ್ಲ. ಸೋತದ್ದು ಗಾಡಿಯ ಹಿಂಭಾಗದಲ್ಲಿ ಖಾಲಿ ಉಳಿದ ಜಾಗದಲ್ಲಿ. ನಾನು ಇಷ್ಟು ವರ್ಷ ಕೃಷಿ ಅರ್ಥಶಾಸ್ತ್ರ ಪಾಠ ಮಾಡಿ, ಮಂಡಿಗಳಲ್ಲಿ ಅಲೆದು ಕಂಡುಕೊಂಡದ್ದು ಇದನ್ನೇ: ನಮ್ಮ ತರಕಾರಿ ಸೀಮೆಯಲ್ಲಿ ಗಾತ್ರದ ಲಾಭದ ಬಹುಪಾಲು ಇರುವುದು ಹೊಲದ ಬದು ದಾಟಿದ ಮೇಲೆ.

ಹಾಗಾದರೆ ಹೊಲದೊಳಗೆ ದೊಡ್ಡವರಿಗೆ ಅನುಕೂಲವೇ ಇಲ್ಲವೇ? ಬೆಳೆಯ ಮೇಲೆ ಹೋಗುತ್ತದೆ. ಅಮೆರಿಕದ 2022ರ ಕೃಷಿ ಗಣತಿಯಲ್ಲಿ ಸರಾಸರಿ ಹಿಡುವಳಿ 463 ಎಕರೆ. ನಮ್ಮ ದೇಶದ 2015-16ರ ಗಣತಿಯಲ್ಲಿ ಅದು 1.08 ಹೆಕ್ಟೇರ್, ಅಂದರೆ ಎರಡೂಮುಕ್ಕಾಲು ಎಕರೆಗೂ ಒಂದಿಷ್ಟು ಕಡಿಮೆ. ಮುಸುಕಿನ ಜೋಳ, ಸೋಯಾ, ಗೋಧಿಯಂಥ ಬೆಳೆಗಳಲ್ಲಿ ಒಂದೇ ಯಂತ್ರ ದಿನಕ್ಕೆ ಹತ್ತಾರು ಎಕರೆ ಕೊಯ್ಯುತ್ತದೆ. ಆ ಯಂತ್ರದ ಬೆಲೆಯನ್ನು ಎರಡೆಕರೆಯ ಮೇಲೆ ಹೊರಿಸಲು ಆಗುವುದೇ ಇಲ್ಲ. ಅಲ್ಲಿ ಗಾತ್ರ ನಿಜಕ್ಕೂ ವೆಚ್ಚ ಇಳಿಸುತ್ತದೆ.

ಬೀನ್ಸಿನ ಮಾತು ಬೇರೆ. ಕಾಯಿ ಬಲಿಯುವ ಮೊದಲು, ನಾರು ಬರುವ ಮೊದಲು, ಕೈಯಿಂದ ಆರಿಸಿ ಕೊಯ್ಯಬೇಕು. ಇವತ್ತು ಬಿಟ್ಟದ್ದು ನಾಡಿದ್ದಿಗೆ ಎರಡನೇ ದರ್ಜೆ. ಅರವತ್ತು ಎಕರೆ ಬೀನ್ಸ್ ಹಾಕಿದವನಿಗೆ ಬೆಳಗ್ಗೆ ಅರವತ್ತೆಪ್ಪತ್ತು ಆಳು ಬೇಕು, ಅವರ ಮೇಲೆ ಮೇಸ್ತ್ರಿ ಬೇಕು, ಮೇಸ್ತ್ರಿಯ ಮೇಲೆ ಇನ್ನೊಬ್ಬ ಬೇಕು. ನಿಮ್ಮ ತಾಯಿಯವರು ಗಿಡ ಬಗ್ಗಿಸಿ ಎಲೆಯ ಕೆಳಗೆ ಕೈಯಾಡಿಸುವಾಗ ಅವರನ್ನು ಯಾರೂ ಕಾಯಬೇಕಿಲ್ಲ. 1950ರ ದಶಕದಲ್ಲಿ ನಮ್ಮ ದೇಶದಲ್ಲಿ ನಡೆದ ಫಾರಂ ನಿರ್ವಹಣಾ ಸಮೀಕ್ಷೆಗಳಲ್ಲಿ ಒಂದು ವಿಚಿತ್ರ ಕಂಡಿತ್ತು: ಹಿಡುವಳಿ ಚಿಕ್ಕದಾದಷ್ಟೂ ಎಕರೆವಾರು ಇಳುವರಿ ಹೆಚ್ಚು. 1962ರಲ್ಲಿ ಅಮರ್ತ್ಯ ಸೇನ್ ಅವರು ಇದಕ್ಕೆ ಮನೆಯವರ ದುಡಿಮೆಯನ್ನು ಮುಖ್ಯ ಕಾರಣವಾಗಿ ತೋರಿಸಿದರು. ಕೂಲಿಯಾಳನ್ನು ಇಟ್ಟವನು ಕೂಲಿಗೆ ತಕ್ಕ ಫಲ ಬರುವವರೆಗೆ ಮಾತ್ರ ದುಡಿಸುತ್ತಾನೆ, ಮನೆಯವರು ಅದಕ್ಕೂ ಮುಂದೆ ಹೋಗಿ ದುಡಿಯುತ್ತಾರೆ. ಯಂತ್ರಗಳು ಬಂದಲ್ಲಿ ಈ ಸಂಬಂಧ ಸಡಿಲಾಗಿದೆ ಎಂದು ಆಮೇಲೆ ಬಂದವರು ವಾದಿಸಿದ್ದಾರೆ, ಆ ವಾದದಲ್ಲಿ ಹುರುಳಿದೆ. ಆದರೆ ಕೈಕೊಯ್ಲಿನ ತರಕಾರಿಗೆ ಸೇನ್ ಹೇಳಿದ್ದು ಈಗಲೂ ಸರಿ ಎಂದೇ ನನ್ನ ಎಣಿಕೆ.

ಇದನ್ನು ಸಂಭ್ರಮಿಸಬೇಡಿ. ಎಕರೆವಾರು ಇಳುವರಿ ಹೆಚ್ಚು ಎಂದರೆ ಸಂಸಾರದ ಆದಾಯ ಸಾಕಷ್ಟಿದೆ ಎಂದು ಅರ್ಥವಲ್ಲ. ಅದರ ಹಿಂದೆ ನಿಮ್ಮ ತಂದೆತಾಯಿಯರ, ಲೆಕ್ಕಕ್ಕೆ ಹಿಡಿಯದ ಕೂಲಿ ಇದೆ.

ದೊಡ್ಡ ಕಂಪನಿಗಳಿಗೂ ಈ ಗುಟ್ಟು ಗೊತ್ತು. ಮಿಡಿಸೌತೆಯ ಉದಾಹರಣೆ ನೋಡಿ. ಉಪ್ಪುನೀರಿನಲ್ಲಿ, ವಿನೆಗರ್‌ನಲ್ಲಿ ಹಾಕಿ ಹೊರದೇಶಗಳಿಗೆ ಕಳಿಸುವ ಈ ಬೆಳೆ 1990ರ ದಶಕದ ಆರಂಭದಲ್ಲಿ ನಮ್ಮ ಕರ್ನಾಟಕದಲ್ಲೇ ಶುರುವಾಗಿ ತಮಿಳುನಾಡು, ಆಂಧ್ರ, ತೆಲಂಗಾಣಗಳಿಗೆ ಹಬ್ಬಿತು. ಸರ್ಕಾರದ ಲೆಕ್ಕದಲ್ಲಿ ಸುಮಾರು 90,000 ಸಣ್ಣ ರೈತರು ಸುಮಾರು 65,000 ಎಕರೆಯಲ್ಲಿ ಇದನ್ನು ಒಪ್ಪಂದದ ಮೇಲೆ ಬೆಳೆಯುತ್ತಾರೆ. ತಲಾ ಮುಕ್ಕಾಲು ಎಕರೆಯೂ ಆಗಲಿಲ್ಲ. ಹಣವಿರುವ ರಫ್ತುದಾರರು ಸಾವಿರ ಎಕರೆಯ ತೋಟ ಮಾಡಲಿಲ್ಲ ಯಾಕೆ? ಮಿಡಿ ಒಂದು ದಿನ ಬಳ್ಳಿಯಲ್ಲೇ ಉಳಿದರೆ ದಪ್ಪವಾಗಿ ಬೆಲೆ ಇಳಿಯುತ್ತದೆ. ದಿನಾ ಬಳ್ಳಿ ನೋಡುವ ಕಣ್ಣು ಬೇಕು, ಅದು ಸಣ್ಣ ಹಿಡುವಳಿಯಲ್ಲಿ ಅಗ್ಗವಾಗಿ ಸಿಗುತ್ತದೆ. ಹಾಗಾಗಿ ಬೆಳೆಯುವ ಕೆಲಸವನ್ನು ಸಣ್ಣವರಿಗೆ ಬಿಟ್ಟು, ವಿಂಗಡಣೆ, ಸಂಸ್ಕರಣೆ, ಹಡಗು, ಹೊರದೇಶದ ಗಿರಾಕಿ ಇಷ್ಟನ್ನು ತಮ್ಮ ಕೈಯಲ್ಲಿ ಇಟ್ಟುಕೊಂಡರು. ಗಾತ್ರ ಎಲ್ಲಿ ಲಾಭ ಕೊಡುತ್ತದೋ ಆ ಮೆಟ್ಟಿಲನ್ನು ಅವರು ಹಿಡಿದರು.

ಆ ಮೆಟ್ಟಿಲಲ್ಲಿ ಗಾತ್ರ ಯಾಕೆ ಅಷ್ಟು ದುಡಿಯುತ್ತದೆ ಎಂದರೆ ಕೆಲವು ಕಡೆ ಅದು ಬರೀ ರೇಖಾಗಣಿತ. ಶೀತಲಗೃಹದ ಒಂದು ಕೋಣೆ ಉದ್ದ, ಅಗಲ, ಎತ್ತರ ಹತ್ತತ್ತು ಅಡಿ ಇದೆ ಎನ್ನಿ. ನೆಲ, ಚಾವಣಿ ಸೇರಿ ಗೋಡೆ 600 ಚದರಡಿ, ಒಳಗಿನ ಜಾಗ 1,000 ಘನ ಅಡಿ. ಇಪ್ಪತ್ತಿಪ್ಪತ್ತು ಅಡಿ ಮಾಡಿ. ಗೋಡೆ 2,400 ಚದರಡಿ, ಒಳಗಿನ ಜಾಗ 8,000. ತಂಪು ಸೋರಿಹೋಗುವುದು ಗೋಡೆಯ ಮೂಲಕ, ಸರಕು ತುಂಬುವುದು ಜಾಗದಲ್ಲಿ. ಗೋಡೆ ನಾಲ್ಕು ಪಟ್ಟಾಯಿತು, ಜಾಗ ಎಂಟು ಪಟ್ಟಾಯಿತು. ಚೀಲವೊಂದಕ್ಕೆ ಕಟ್ಟಡದ ಖರ್ಚೂ ಕರೆಂಟಿನ ಖರ್ಚೂ ಇಳಿಯುವುದು ಇಲ್ಲಿಂದ. ಮೂರು ಎಕರೆಯವರು ಮೂರು ಎಕರೆಗಾಗುವಷ್ಟು ಶೀತಲಗೃಹ ಕಟ್ಟಿಕೊಳ್ಳಲಿ ಎನ್ನುವ ಸಲಹೆ ಇದಕ್ಕೇ ಕೆಲಸಕ್ಕೆ ಬರುವುದಿಲ್ಲ.

ಇನ್ನು ಮಾರುಕಟ್ಟೆಗೆ ಬರೋಣ. ಗಾತ್ರ ಎಂದರೆ ಒಬ್ಬನ ಗಾತ್ರವೇ ಆಗಬೇಕಿಲ್ಲ. ಆಲ್‌ಫ್ರೆಡ್ ಮಾರ್ಷಲ್ ಎಂಬ ಇಂಗ್ಲೆಂಡಿನ ಅರ್ಥಶಾಸ್ತ್ರಜ್ಞ 1890ರಲ್ಲೇ ಇದನ್ನು ಎರಡಾಗಿ ಬಿಡಿಸಿದ್ದ: ಒಂದು ಸಂಸ್ಥೆ ತಾನೇ ಬೆಳೆದು ಪಡೆಯುವ ಲಾಭ, ಒಂದೇ ಕಸುಬಿನವರು ಒಂದು ಕಡೆ ನೆರೆಯುವುದರಿಂದ ಎಲ್ಲರಿಗೂ ಸಿಗುವ ಲಾಭ. ಎರಡನೆಯದನ್ನು ಕಣ್ಣಾರೆ ನೋಡಲು ನೀವು ದೂರ ಹೋಗಬೇಕಿಲ್ಲ, ಹಂಗಾಮಿನಲ್ಲಿ ಕೋಲಾರದ ಎಪಿಎಂಸಿಗೆ ಹೋಗಿ. ಹದಿನೈದು ಕೆಜಿಯ ಟೊಮೆಟೊ ಬಾಕ್ಸುಗಳು ಸಾಲುಸಾಲಾಗಿ ನಿಂತಿರುತ್ತವೆ, ಹೊರರಾಜ್ಯದ ಲಾರಿಗಳು ಕಾಯುತ್ತಿರುತ್ತವೆ. ಆ ಲಾರಿ ನಿಮ್ಮ ತಂದೆಯವರ ನಲವತ್ತು ಬಾಕ್ಸಿಗಾಗಿ ಬಂದದ್ದಲ್ಲ, ಒಂದೇ ಅಂಗಳದಲ್ಲಿ ಲೋಡು ತುಂಬುತ್ತದೆ ಎಂದು ಬಂದದ್ದು. ಬಂದ ಮೇಲೆ ಆ ನಲವತ್ತು ಬಾಕ್ಸಿಗೂ ಹರಾಜು ಕೂಗುವವರು ನಾಲ್ಕು ಜನ ಹೆಚ್ಚು. ಬಾಕ್ಸು ಬಾಡಿಗೆಗೆ ಕೊಡುವವನು, ಸಸಿ ನರ್ಸರಿಯವನು, ಔಷಧಿ ಅಂಗಡಿ, ಟೊಮೆಟೊ ಕಟ್ಟಲು ಬರುವ ಕೈಪಳಗಿದ ಆಳುಗಳು ಎಲ್ಲರೂ ಆ ನೆರವಿಯ ಸುತ್ತ ಬೆಳೆದವರು. ರಾಮನಗರದ ರೇಷ್ಮೆಗೂಡಿನ ಮಾರುಕಟ್ಟೆಯಲ್ಲೂ ಇದೇ ಕಥೆ. ಸಣ್ಣ ರೈತನಿಗೆ ಸಿಗುವ ಗಾತ್ರದ ಲಾಭಗಳಲ್ಲಿ ಇದು ತುಂಬ ದೊಡ್ಡದು, ಆದರೂ ಹೆಚ್ಚು ಜನ ಇದನ್ನು ಲೆಕ್ಕಕ್ಕೇ ಹಿಡಿಯುವುದಿಲ್ಲ. ಮಂಡಿಗಳು ಒಡೆದು ಚೂರಾದರೆ ಏನಾಗುತ್ತದೆ ಎಂದು ನಾನು ಪದೇ ಪದೇ ಚಿಂತಿಸುವುದು ಈ ಕಾರಣಕ್ಕೆ.

ಆ ನೆರವಿಗೆ ಇನ್ನೊಂದು ಮುಖವಿದೆ. ಎಲ್ಲರೂ ಒಂದೇ ಬೆಳೆ ಹಾಕಿದರೆ ಎಲ್ಲರದೂ ಒಟ್ಟಿಗೇ ಬರುತ್ತದೆ. ಟೊಮೆಟೊ ಅಗ್ಗವಾಯಿತೆಂದು ಯಾರೂ ಸಾರಿಗೆ ಹತ್ತು ಹಣ್ಣು ಹಾಕುವುದಿಲ್ಲ, ದುಬಾರಿಯಾಯಿತೆಂದು ಬಿಟ್ಟೂಬಿಡುವುದಿಲ್ಲ. ಆದ್ದರಿಂದ ಪೂರೈಕೆ ಸ್ವಲ್ಪ ಅತ್ತಿತ್ತ ಆದರೂ ಬೆಲೆ ವಿಪರೀತ ಏರಿಳಿಯುತ್ತದೆ. 2023ರ ಜುಲೈನಲ್ಲಿ ಕೋಲಾರದಲ್ಲಿ ಬಾಕ್ಸಿಗೆ 2,000 ರೂಪಾಯಿ ದಾಟಿತ್ತು. ಬೇರೆ ವರ್ಷಗಳಲ್ಲಿ ಬಾಡಿಗೆಯೂ ಗಿಟ್ಟದೆ ಅದೇ ಹಣ್ಣನ್ನು ರಸ್ತೆಗೆ ಸುರಿದದ್ದನ್ನು ನೀವೂ ನೋಡಿದ್ದೀರಿ. ಅಮೆರಿಕದ ಕೃಷಿ ಅರ್ಥಶಾಸ್ತ್ರಜ್ಞ ವಿಲಾರ್ಡ್ ಕಾಕ್ರೇನ್ 1958ರಲ್ಲಿ ವಿವರಿಸಿದ್ದು ಇದರ ಇನ್ನೊಂದು ರೂಪ: ಹೊಸ ತಂತ್ರದಿಂದ ಮೊದಲು ವೆಚ್ಚ ಇಳಿಸಿಕೊಂಡವನಿಗೆ ಲಾಭ, ಆಮೇಲೆ ಎಲ್ಲರೂ ಅದನ್ನೇ ಮಾಡಿದಾಗ ಒಟ್ಟು ಬೆಳೆ ಹೆಚ್ಚಿ ಬೆಲೆ ಬೀಳುತ್ತದೆ, ಹಿಂದೆ ಉಳಿದವನು ಜಮೀನು ಮಾರುತ್ತಾನೆ, ಮುಂದಿದ್ದವನು ಅದನ್ನು ಕೊಂಡು ಮತ್ತೆ ಓಡುತ್ತಾನೆ. ಉಳಿತಾಯ ಕೊನೆಗೆ ಸೇರುವುದು ತಿನ್ನುವವರಿಗೆ. ಬೆಂಗಳೂರಿನಲ್ಲಿ ಕೂತ ನಮಗೆ ಅದು ಒಳ್ಳೆಯದೇ, ಮಾಲೂರಿನಲ್ಲಿ ಕೂತವರಿಗೆ ಅಲ್ಲ.

ಹಾಗಾದರೆ ನಿಮ್ಮ 22ಕ್ಕೂ 64ಕ್ಕೂ ನಡುವಿನ 42 ರೂಪಾಯಿ ಎಲ್ಲಿ ಹೋಯಿತು? ಎಲ್ಲವೂ ದಲ್ಲಾಳಿಯ ಜೇಬಿಗೆ ಹೋಯಿತು ಎನ್ನುವುದು ಸುಲಭದ ಮಾತು, ಸರಿಯಾದ ಮಾತಲ್ಲ. 2024ರಲ್ಲಿ ರಿಸರ್ವ್ ಬ್ಯಾಂಕ್ ಹೊರತಂದ ಒಂದು ಅಧ್ಯಯನದಲ್ಲಿ ಗ್ರಾಹಕ ಕೊಡುವ ರೂಪಾಯಿಯಲ್ಲಿ ರೈತನಿಗೆ ಸಿಗುವುದು ಟೊಮೆಟೊದಲ್ಲಿ ಸುಮಾರು 33 ಪೈಸೆ, ಈರುಳ್ಳಿಯಲ್ಲಿ 36, ಆಲೂಗಡ್ಡೆಯಲ್ಲಿ 37 ಎಂದು ಅಂದಾಜಾಗಿತ್ತು. ನಿಮ್ಮ ಬೀನ್ಸಿನ ಲೆಕ್ಕ 34 ಪೈಸೆ, ಅಂದರೆ ಅದರ ಆಸುಪಾಸಿನಲ್ಲೇ. ನಡುವಿನದರಲ್ಲಿ ಹಮಾಲಿ ಇದೆ, ಮಂಡಿಯಿಂದ ಅಂಗಡಿಗೆ ಇನ್ನೊಂದು ಗಾಡಿ ಇದೆ, ಅಂಗಡಿಯ ಬಾಡಿಗೆ ಇದೆ, ಸಂಜೆಗೆ ಬಾಡಿ ಬಿಸಾಡುವ ಕಾಯಿ ಇದೆ. ನಿಮ್ಮ ಬೀದಿಯ ಅಂಗಡಿಯವನು ದಿನಕ್ಕೆ ಮಾರುವುದೇ ನಾಲ್ಕೈದು ಕೆಜಿ ಬೀನ್ಸ್ ಇರಬಹುದು. ಅವನೂ ಗಾತ್ರವಿಲ್ಲದವನೇ.

ಆದರೆ ಒಂದು ಕಡೆ ಕೈ ತೋರಿಸಲೇಬೇಕು. ಮಾರುವವರು ಸಾವಿರ, ಕೊಳ್ಳುವವರು ಬೆರಳೆಣಿಕೆ ಎಂದಾಗ ಕೊಳ್ಳುವವರ ಗಾತ್ರ ವೆಚ್ಚ ಇಳಿಸುವ ಶಕ್ತಿಯಾಗಿಯಷ್ಟೇ ನಿಲ್ಲದೆ ಬೆಲೆ ಇಳಿಸುವ ಶಕ್ತಿಯೂ ಆಗುತ್ತದೆ. ಸಾಲ ಕೊಟ್ಟ ಮಂಡಿಯವರಿಗೇ ಸರಕು ಹಾಕಬೇಕು ಅನ್ನುವ ಕಟ್ಟು ಅದನ್ನು ಇನ್ನಷ್ಟು ಬಿಗಿ ಮಾಡುತ್ತದೆ. ನಮ್ಮ ಎಪಿಎಂಸಿ ನಿಯಮದಂತೆ ಕಮಿಷನ್ ಕೊಡಬೇಕಾದವನು ಖರೀದಿದಾರ, ರೈತನಲ್ಲ. ಹಾಗಿದ್ದೂ ಅಧಿಕೃತ ಬಿಲ್ಲಲ್ಲದ ಬಿಳಿ ಚೀಟಿಯ ಮೇಲೆ ರೈತನ ಹಣದಲ್ಲೇ ಮುರಿದುಕೊಳ್ಳುವುದು ನಿಂತಿಲ್ಲ. ನಿಮ್ಮ ತಂದೆಯವರ ಹತ್ತಿರ ಹಳೆಯ ಚೀಟಿಗಳಿದ್ದರೆ ಒಮ್ಮೆ ಬಿಡಿಸಿ ನೋಡಿ.

ಈಗ ನಿಮ್ಮ ಊರಲ್ಲೇ ಇರುವ ಒಂದು ಉತ್ತರಕ್ಕೆ ಬರುತ್ತೇನೆ. ಬೆಳಗ್ಗೆ ಆರಕ್ಕೆ ಹಾಲಿನ ಡೈರಿಯ ಮುಂದೆ ನಿಂತುಕೊಳ್ಳಿ. ಒಬ್ಬಾಕೆ ಸ್ಟೀಲ್ ಕ್ಯಾನಿನಲ್ಲಿ ನಾಲ್ಕು ಲೀಟರ್ ತಂದಿರುತ್ತಾರೆ. ಕಾರ್ಯದರ್ಶಿ ಒಂದು ಸೌಟು ತೆಗೆದು ಯಂತ್ರಕ್ಕಿಡುತ್ತಾರೆ, ಕೊಬ್ಬಿನಂಶ, ಕೊಬ್ಬೇತರ ಘನಾಂಶ ಎರಡೂ ನಿಮಿಷದೊಳಗೆ ಕೆಂಪಕ್ಷರದಲ್ಲಿ ಮೂಡುತ್ತವೆ, ಚೀಟಿ ಬರುತ್ತದೆ, ಹಾಲು ದೊಡ್ಡ ಟ್ಯಾಂಕಿಗೆ ಸೇರುತ್ತದೆ. ಆ ಕ್ಷಣದಿಂದ ಆ ನಾಲ್ಕು ಲೀಟರ್ ಸಣ್ಣದಲ್ಲ. ಹಳ್ಳಿಯ ಸಂಘ, ಜಿಲ್ಲೆಯ ಒಕ್ಕೂಟ, ರಾಜ್ಯದ ಮಹಾಮಂಡಳಿ ಎಂಬ ಮೂರು ಮೆಟ್ಟಿಲು ಹತ್ತಿ ಅದು ನಂದಿನಿ ಪ್ಯಾಕೆಟ್ಟಾಗುತ್ತದೆ. 1974ರಲ್ಲಿ ಶುರುವಾದ ಈ ವ್ಯವಸ್ಥೆ 2024ರಲ್ಲಿ ದಿನಕ್ಕೆ ಒಂದು ಕೋಟಿ ಲೀಟರ್ ಮುಟ್ಟಿತು. ಹಸು ಸಾಕುವವರು ಇಂದಿಗೂ ಎರಡು ಮೂರು ಹಸುವಿನವರೇ. ಉತ್ಪಾದನೆ ಸಣ್ಣದಾಗಿಯೇ ಉಳಿಯಿತು, ತಂಪು ಮಾಡುವುದು, ಸಾಗಿಸುವುದು, ಸಂಸ್ಕರಿಸುವುದು, ಮಾರುವುದು ದೊಡ್ಡದಾಯಿತು, ಮತ್ತು ಆ ದೊಡ್ಡದರ ಒಡೆತನ ಸಣ್ಣವರ ಸಂಘದ್ದಾಯಿತು.

ಹಾಲಿಗೆ ಆದದ್ದು ಬೀನ್ಸಿಗೆ ಯಾಕೆ ಆಗಲಿಲ್ಲ ಎಂದು ನೀವು ಕೇಳಬೇಕು. ಪ್ರಯತ್ನವೇ ಆಗಿಲ್ಲ ಎನ್ನುವಂತಿಲ್ಲ. ಲಾಲ್‌ಬಾಗಿನ ಹಾಪ್‌ಕಾಮ್ಸ್ ಎಂಬ ಹಣ್ಣು-ತರಕಾರಿ ಮಾರಾಟದ ಸಹಕಾರ ಸಂಸ್ಥೆ ಹುಟ್ಟಿದ್ದು 1959ರಲ್ಲಿ, ತೋಟಗಾರಿಕೆ ತಜ್ಞ ಡಾ. ಎಂ.ಎಚ್. ಮರಿಗೌಡರ ಆಸ್ಥೆಯಿಂದ, ದ್ರಾಕ್ಷಿ ಬೆಳೆಗಾರರ ಸಹಕಾರ ಸಂಘವಾಗಿ. ಕೊಯ್ದ ದ್ರಾಕ್ಷಿ ಕಾಯುವುದಿಲ್ಲ, ಅದಕ್ಕೇ ಬೆಳೆಗಾರರು ಒಟ್ಟಾಗಬೇಕಾಯಿತು. ಆದರೂ ತರಕಾರಿಯಲ್ಲಿ ಹಾಲಿನಷ್ಟು ಹರವು ಬರಲಿಲ್ಲ. ಹಾಲು ವರ್ಷಪೂರ್ತಿ, ದಿನಕ್ಕೆರಡು ಹೊತ್ತು ಬರುತ್ತದೆ, ಟ್ಯಾಂಕು ಖಾಲಿ ಇರುವುದಿಲ್ಲ. ಅದರ ಗುಣವನ್ನು ಯಂತ್ರ ಅಳೆಯುತ್ತದೆ, ಜಗಳವಿಲ್ಲದೆ ಒಬ್ಬರ ಹಾಲನ್ನು ಇನ್ನೊಬ್ಬರದರೊಂದಿಗೆ ಬೆರೆಸಬಹುದು. ಬೀನ್ಸಿನ ದರ್ಜೆ ಕಣ್ಣಳತೆ. ನನ್ನದು ಒಂದನೇ ದರ್ಜೆ ಎಂದು ನಾನು, ಎರಡನೆಯದು ಎಂದು ನೀವು. ಇಂದು ಹತ್ತು ಟನ್ ಬರುತ್ತದೆ, ಬರುವ ತಿಂಗಳು ಒಂದು ಟನ್ನೂ ಬರುವುದಿಲ್ಲ. ಮಿಕ್ಕ ಹಾಲನ್ನು ಪುಡಿ ಮಾಡಿ ಇಡಬಹುದು, ಮಿಕ್ಕ ಬೀನ್ಸನ್ನು?

ಇದರ ಪೆಟ್ಟು ನಾನೇ ತಿಂದಿದ್ದೇನೆ. ಕೆಲವು ವರ್ಷಗಳ ಹಿಂದೆ ಬೆಂಗಳೂರಿನ ಹೊರವಲಯದ ಒಂದು ರೈತ ಉತ್ಪಾದಕ ಕಂಪನಿಗೆ, ಅಂದರೆ ರೈತರೇ ಸದಸ್ಯರಾಗಿ ಸೇರಿ ನಡೆಸುವ ಕಂಪನಿಗೆ, ಸಲಹೆಗಾರನಾಗಿದ್ದೆ. ಮುನ್ನೂರು ಚಿಲ್ಲರೆ ಸದಸ್ಯರು, ಒಳ್ಳೆಯ ಜನ. ಮೊದಲ ವರ್ಷವೇ ವಿಂಗಡಣೆ ಯಂತ್ರ ತರಿಸಿದರು, ಬೇಡ ಎಂದು ನಾನು ಗಟ್ಟಿಯಾಗಿ ಹೇಳಲಿಲ್ಲ. ರೈತ ಸರಕು ಹಾಕಿದ ದಿನವೇ ದುಡ್ಡು ಬೇಕೆನ್ನುತ್ತಾನೆ, ದೊಡ್ಡ ಗಿರಾಕಿ ಮೂರು ವಾರ ಬಿಟ್ಟು ಕೊಡುತ್ತಾನೆ. ನಡುವಿನ ಆ ಮೂರು ವಾರಕ್ಕೆ ಬೇಕಾದ ಕೈಬಂಡವಾಳ ಕಂಪನಿಯ ಬಳಿ ಇರಲಿಲ್ಲ. ಮಂಡಿಯಲ್ಲಿ ಬೆಲೆ ಏರಿದ ದಿನ ಸದಸ್ಯರು ಅಲ್ಲಿಗೆ ಹೋದರು, ಬಿದ್ದ ದಿನ ಕಂಪನಿಗೆ ಬಂದರು. ನಾನು ಕೊನೆಯ ಸಲ ಹೋದಾಗ ಯಂತ್ರಕ್ಕೆ ನೀಲಿ ಟಾರ್ಪಾಲು ಹೊದಿಸಿತ್ತು, ಅದರ ಬೆಲ್ಟಿನ ಮೇಲೆ ಖಾಲಿ ಕ್ರೇಟುಗಳನ್ನು ಪೇರಿಸಿದ್ದರು. ಸಾಲದ ಕಂತು ಮಾತ್ರ ಪ್ರತಿ ತಿಂಗಳೂ ಬರುತ್ತಿತ್ತು. ದೊಡ್ಡ ಯಂತ್ರ ತುಂಬಿ ಓಡಿದರೆ ಮಾತ್ರ ಕೆಜಿಗೆ ಖರ್ಚು ಇಳಿಯುತ್ತದೆ, ಅರ್ಧ ಓಡಿದರೆ ಏರುತ್ತದೆ. ಈ ಅರ್ಧ ಪಾಠವನ್ನು ನಮ್ಮ ಪುಸ್ತಕಗಳು ಸಾಕಷ್ಟು ಒತ್ತಿ ಹೇಳುವುದಿಲ್ಲ. ಕೇಂದ್ರ ಸರ್ಕಾರ 2020ರಲ್ಲಿ 10,000 ಇಂಥ ಸಂಸ್ಥೆಗಳ ಯೋಜನೆ ತಂದು, ಒಂದೊಂದಕ್ಕೂ ಮೂರು ವರ್ಷಕ್ಕೆ ಗರಿಷ್ಠ 18 ಲಕ್ಷ ರೂಪಾಯಿಯ ನಿರ್ವಹಣಾ ನೆರವು ಇಟ್ಟಿತು. ಯೋಜನೆ ಬೇಕಾಗಿತ್ತು, ನಾನು ಅದರ ಪರ. ಆದರೆ ನಿಮ್ಮೂರಿನಲ್ಲಿ ಅಂಥದೊಂದು ಇದ್ದರೆ ಸೇರುವ ಮೊದಲು ಕಟ್ಟಡ, ಯಂತ್ರ ನೋಡಬೇಡಿ. ರೈತರಿಗೆ ಎಷ್ಟು ದಿನಕ್ಕೆ ದುಡ್ಡು ಕೊಡುತ್ತಾರೆ, ಸದಸ್ಯರು ಬೆಳೆದದ್ದರಲ್ಲಿ ಎಷ್ಟು ಪಾಲು ಅಲ್ಲಿಗೆ ಬರುತ್ತದೆ, ಈ ಎರಡನ್ನು ಕೇಳಿ.

ಗುತ್ತಿಗೆಯ ವಿಷಯ. ಕರ್ನಾಟಕದಲ್ಲಿ 1974ರ ಭೂಸುಧಾರಣೆಯ ನಂತರ ಕೃಷಿ ಜಮೀನನ್ನು ಗೇಣಿಗೆ ಕೊಡುವುದಕ್ಕೆ ಕಾನೂನಿನ ಬಿಗಿ ನಿರ್ಬಂಧವಿದೆ. ಹಾಗಾಗಿ ಹೆಚ್ಚಿನ ಗುತ್ತಿಗೆಗಳು ಬಾಯಿಮಾತಿನಲ್ಲೋ ಬೇರೆ ಹೆಸರಿನ ಪತ್ರದಲ್ಲೋ ನಡೆಯುತ್ತವೆ. ವಕೀಲರಿಗೆ ತೋರಿಸದೆ ತಂದೆಯವರು ಎಲ್ಲೂ ಸಹಿ ಹಾಕದಿರಲಿ. ಆ ಕಂಪನಿಗೆ ನಿಜಕ್ಕೂ ಬೇಕಿರುವುದು ಸರಕಾದರೆ, ಜಮೀನು ಕೊಡದೆ ಸರಕು ಕೊಡುವ ಮಾತನ್ನು ನೀವೇ ಮುಂದಿಡಿ. ಮಿಡಿಸೌತೆಯವರ ನಡೆ ನೆನಪಿಡಿ: ಹೊಲ ನಿಮ್ಮ ಕೈಯಲ್ಲಿರುವುದು ಅವರಿಗೂ ಅಗ್ಗ. ಒಪ್ಪುವುದಾದರೆ ದರ್ಜೆಯನ್ನು ಯಾರು, ಎಲ್ಲಿ, ಯಾರ ಎದುರಿಗೆ ನಿರ್ಧರಿಸುತ್ತಾರೆ ಎಂಬುದು ಬರೆಹದಲ್ಲಿರಲಿ. ಬೆಲೆ ಬಿದ್ದ ವಾರ ಇದ್ದಕ್ಕಿದ್ದಂತೆ ಎಲ್ಲವೂ ಎರಡನೇ ದರ್ಜೆಯಾಗಿಬಿಡುವುದನ್ನು ನಾನು ಬಹಳ ಕಂಡಿದ್ದೇನೆ.

ಊರಿನ ಹತ್ತಿರ ಸೂಪರ್‌ಮಾರ್ಕೆಟ್‌ನವರ ಸಂಗ್ರಹ ಕೇಂದ್ರವಿದ್ದರೆ ಅಲ್ಲಿಗೂ ಸ್ವಲ್ಪ ಹಾಕಿ, ಪೂರ್ತಿ ಹಾಕಬೇಡಿ. ಅವರು ತೂಕ ಸರಿಯಾಗಿ ಹಿಡಿಯುತ್ತಾರೆ, ದುಡ್ಡು ಖಾತೆಗೆ ಬರುತ್ತದೆ, ಆದರೆ ಆರಿಸಿಕೊಂಡು ಬಿಟ್ಟದ್ದನ್ನು ಹಾಕಲು ಕಲಾಸಿಪಾಳ್ಯ ಬೇಕೇ ಬೇಕು. ಟ್ರ್ಯಾಕ್ಟರ್, ಟಿಲ್ಲರ್ ಕೊಳ್ಳಬೇಡಿ, ಹೋಬಳಿಯ ಕೃಷಿ ಯಂತ್ರಧಾರೆಯಲ್ಲಿ ಬಾಡಿಗೆಗೆ ಸಿಗುತ್ತದೆ.

ಎಲ್ಲಕ್ಕಿಂತ ಮೊದಲು ಮಾಡಬೇಕಾದ್ದು ಸಣ್ಣ ಕೆಲಸ. ಅದೇ ಊರಿನಲ್ಲಿ, ಅದೇ ವಾರ ಬೀನ್ಸ್ ಕೊಯ್ಯುವ ಇನ್ನಿಬ್ಬರನ್ನು ಹುಡುಕಿ, ಮೂವರೂ ಒಂದೇ ಗಾಡಿಗೆ ಹಾಕಲಿ. ಕೊಯ್ಲಿನ ದಿನ ಹೊಂದಿಸಿಕೊಳ್ಳಲು ಮನೆಮನೆಯ ನಡುವೆ ಒಂದು ಫೋನು ಸಾಕು. ಚೀಲಕ್ಕೆ ಬೇರೆ ಬೇರೆ ಬಣ್ಣದ ದಾರ ಕಟ್ಟಿದರೆ ಯಾರದು ಯಾವುದು ಎಂಬ ಗೊಂದಲವಿರುವುದಿಲ್ಲ, ದುಡ್ಡು ಬೇರೆ ಬೇರೆಯಾಗಿಯೇ ಬರಲಿ. ನೀವು ಬೆಂಗಳೂರಿನಿಂದ ಮಾಡಬಹುದಾದದ್ದು, ಪ್ರತಿ ಸಲದ ಮಂಡಿ ಚೀಟಿಯ ಫೋಟೊ ತರಿಸಿಕೊಂಡು ತೂಕ, ದರ, ಮುರಿದ ಹಣ, ಬಾಡಿಗೆ ನಾಲ್ಕನ್ನೂ ಒಂದು ಪುಸ್ತಕದಲ್ಲಿ ಬರೆಯುವುದು. ಒಂದು ಬೆಳೆ ಮುಗಿಯಲಿ. ಆ ಪುಸ್ತಕದ ಪುಟಗಳನ್ನು ನನಗೆ ಕಳಿಸಿ, ಕೂತು ಕೆಜಿವಾರು ಲೆಕ್ಕ ಬಿಡಿಸೋಣ.